ಮೂರು ಸಲ ಹೇಳಿದ ಮಾತು: ವಿಮಾನ ಅಪಘಾತದ ವರದಿಗಳನ್ನು ಓದುತ್ತಾ

ಎರಡು ತನಿಖಾ ವರದಿಗಳನ್ನು ಅಕ್ಕಪಕ್ಕ ಇಟ್ಟುಕೊಂಡು ಓದಿದರೆ ಒಂದೇ ವಾಕ್ಯವನ್ನು ಎರಡು ಸಲ ಬರೆದ ಹಾಗೆ ಕಾಣುತ್ತದೆ. ಮೊದಲನೆಯದು 2010ರ ಮೇ 22ರ ಬೆಳಿಗ್ಗೆ ಮಂಗಳೂರಿನ ಬಜ್ಪೆಯಲ್ಲಿ ರನ್‌ವೇ ದಾಟಿ ಕಂದರಕ್ಕೆ ಬಿದ್ದ ಏರ್ ಇಂಡಿಯಾ ಎಕ್ಸ್‌ಪ್ರೆಸ್ ವಿಮಾನದ್ದು. ಎರಡನೆಯದು 2020ರ ಆಗಸ್ಟ್ 7ರ ರಾತ್ರಿ ಮಳೆಯಲ್ಲಿ ಕೋಯಿಕ್ಕೋಡಿನ ಕರಿಪ್ಪೂರಿನಲ್ಲಿ ರನ್‌ವೇ ದಾಟಿ ಬಿದ್ದ, ಅದೇ ಸಂಸ್ಥೆಯ ವಿಮಾನದ್ದು. ಎರಡೂ ದುಬೈನಿಂದ ಹೊರಟಿದ್ದವು. ಎರಡೂ ಬೋಯಿಂಗ್ 737. ಎರಡೂ ನಿಲ್ದಾಣಗಳು ಗುಡ್ಡದ ನೆತ್ತಿಯನ್ನು ಮಟ್ಟಸ ಮಾಡಿ ಕಟ್ಟಿದವು. ಮಂಗಳೂರಿನಲ್ಲಿ ವಿಮಾನದಲ್ಲಿದ್ದ 166 ಜನರಲ್ಲಿ 158 ಮಂದಿ ಸತ್ತರು; ಕೋಯಿಕ್ಕೋಡಿನಲ್ಲಿ 190ರಲ್ಲಿ 21 ಮಂದಿ. ಎರಡು ವರದಿಗಳೂ ಕಾರಣ ಹೇಳುವ ಜಾಗಕ್ಕೆ ಬಂದಾಗ ಹೇಳುವುದು ಹೆಚ್ಚುಕಡಿಮೆ ಇಷ್ಟೇ: ಇಳಿಯುವ ಹಾದಿ ಸರಿಯಿರಲಿಲ್ಲ, ಸಹ ಪೈಲಟ್ ‘ಗೋ ಅರೌಂಡ್’ ಎಂದರು, ಕ್ಯಾಪ್ಟನ್ ಕೇಳಲಿಲ್ಲ.

‘ಗೋ ಅರೌಂಡ್’ ಎಂದರೆ ಇಳಿಯುವುದನ್ನು ಕೈಬಿಟ್ಟು ಮತ್ತೆ ಮೇಲೇರುವುದು. ಎಂಜಿನ್‌ಗೆ ಪೂರ್ತಿ ಬಲ ಕೊಟ್ಟು, ಮೂಗು ಎತ್ತಿ, ಚಕ್ರ ಮಡಚಿ, ಒಂದು ಸುತ್ತು ಹಾಕಿ ಮತ್ತೆ ಬರುವುದು. ಹತ್ತು ಹದಿನೈದು ನಿಮಿಷ ತಡವಾಗುತ್ತದೆ, ಒಂದಷ್ಟು ಇಂಧನ ಖರ್ಚಾಗುತ್ತದೆ, ಅಷ್ಟೆ. ವಿಮಾನ ಇಳಿಸುವುದನ್ನು ಕಲಿಯುವವರೆಲ್ಲ ಇದನ್ನೂ ಕಲಿತಿರುತ್ತಾರೆ. ಅಷ್ಟು ಸುಲಭದ ಎರಡು ಪದ ಹತ್ತು ವರ್ಷದ ಅಂತರದಲ್ಲಿ ಎರಡು ಸಲ ಬಾಯಿಂದ ಹೊರಬಿದ್ದೂ ಕೆಲಸ ಮಾಡಲಿಲ್ಲ.

ನನ್ನ ಪಿಎಚ್‌.ಡಿ. ವಿಷಯ ಕನ್ನಡ ಕಥನ ಸಾಹಿತ್ಯದಲ್ಲಿ ಸಂಭಾಷಣೆ. ವಿಮಾನ ತಂತ್ರಜ್ಞಾನದ ಬಗ್ಗೆ ಮಾತಾಡುವ ಹಕ್ಕು ನನಗಿಲ್ಲ. ಆದರೆ ಈ ವರದಿಗಳ ನಡುವೆ ಕಾಕ್‌ಪಿಟ್ ಧ್ವನಿಮುದ್ರಣದ ಭಾಗ ಇರುತ್ತದಲ್ಲ, ಅದು ಸಂಭಾಷಣೆಯೇ. ಯಾರೋ ಆಡಿದ್ದನ್ನು ಯಾರೋ ಕೇಳಿಸಿಕೊಂಡು ಬರಹಕ್ಕೆ ಇಳಿಸಿದ್ದು. ಯಾವ ಮಾತನ್ನು ಹಾಗೆಯೇ ಕೊಡುವುದು, ಯಾವುದನ್ನು ಸಾರಾಂಶ ಮಾಡುವುದು, ಎಲ್ಲಿ ಪ್ರಶ್ನಾರ್ಥಕ ಚಿಹ್ನೆ ಹಾಕುವುದು ಎಂದು ನಿರ್ಧರಿಸಿದವರು ಇದ್ದಾರೆ. ಹಾಗಾದರೆ ಅದನ್ನು ವಿಮರ್ಶಿಸಬಹುದು.

ಮೊದಲು ಪ್ರಕಾರದ ವಿಚಾರ. ಅಂತರರಾಷ್ಟ್ರೀಯ ನಾಗರಿಕ ವಿಮಾನಯಾನದ ಷಿಕಾಗೊ ಒಪ್ಪಂದಕ್ಕೆ ಹದಿಮೂರನೆಯ ಅನುಬಂಧ ಅಂತ ಒಂದಿದೆ. ತನಿಖೆಯ ಉದ್ದೇಶ ಮುಂದಿನ ಅಪಘಾತ ತಡೆಯುವುದು, ತಪ್ಪಿತಸ್ಥರನ್ನು ಹುಡುಕುವುದಲ್ಲ ಎಂದು ಅದು ಹೇಳುತ್ತದೆ. ವರದಿ ಹೇಗಿರಬೇಕೆಂದೂ ಅದೇ ಹೇಳುತ್ತದೆ: ಸಂಗತಿಗಳು, ವಿಶ್ಲೇಷಣೆ, ನಿರ್ಣಯ, ಶಿಫಾರಸು. ಸಂಗತಿಗಳ ಭಾಗದಲ್ಲಿ 19 ಉಪಶೀರ್ಷಿಕೆಗಳು. ಹಾರಾಟದ ಕಥೆ, ಗಾಯಗೊಂಡವರು, ಸಿಬ್ಬಂದಿ, ವಿಮಾನ, ಹವಾಮಾನ, ನಿಲ್ದಾಣ, ಧ್ವನಿಮುದ್ರಕ, ಅವಶೇಷ, ಬೆಂಕಿ, ಬದುಕುಳಿದ ಬಗೆ, ಹೀಗೆ. ಜಗತ್ತಿನ ಯಾವ ಮೂಲೆಯಲ್ಲಿ ವಿಮಾನ ಬಿದ್ದರೂ ವರದಿಯಲ್ಲಿ ಸಾಮಾನ್ಯವಾಗಿ ಇದೇ ಕ್ರಮ. ನಮ್ಮ ಮಹಾಕಾವ್ಯಗಳ ಅಷ್ಟಾದಶ ವರ್ಣನೆಗಿಂತ ಒಂದು ಹೆಚ್ಚು ಎಂದು ತಮಾಷೆ ಮಾಡಬಹುದು. ಆದರೆ ಹೋಲಿಕೆ ತಮಾಷೆಗಷ್ಟೇ ಅಲ್ಲ. ವರ್ಣನೆಗಳ ಪಟ್ಟಿ ಮೊದಲೇ ಗೊತ್ತಿದ್ದಾಗ ಕವಿಯ ಸ್ವಂತಿಕೆ ಗೊತ್ತಾಗುವುದು ಎಲ್ಲಿ ನಿಂತ, ಎಲ್ಲಿ ಓಡಿದ ಎಂಬುದರಲ್ಲಿ. ಈ ವರದಿಗಳಲ್ಲೂ ಹಾಗೆಯೇ.

ಏರ್ ಮಾರ್ಷಲ್ ಬಿ.ಎನ್. ಗೋಖಲೆ ನೇತೃತ್ವದ ತನಿಖಾ ನ್ಯಾಯಾಲಯ ಬರೆದ ಮಂಗಳೂರಿನ ವರದಿ ನಿಲ್ಲುವುದು ನಿದ್ದೆಯ ಹತ್ತಿರ. ಧ್ವನಿಮುದ್ರಕದಲ್ಲಿ ಉಳಿದಿದ್ದು ಕೊನೆಯ ಎರಡು ಗಂಟೆ ಐದು ನಿಮಿಷ. ಅದರಲ್ಲಿ ಮೊದಲ ಒಂದು ಗಂಟೆ ನಲವತ್ತು ನಿಮಿಷ ಕ್ಯಾಪ್ಟನ್ನರ ಒಂದೂ ಮಾತಿಲ್ಲ. ಗೊರಕೆಯ, ಆಳವಾದ ಉಸಿರಿನ ಸದ್ದು ಇದೆ. ಹಿಂದಿನ ರಾತ್ರಿ ಮಂಗಳೂರಿನಿಂದ ದುಬೈಗೆ ವಿಮಾನ ಒಯ್ದ ಸಿಬ್ಬಂದಿಯೇ ಅದನ್ನು ವಾಪಸು ತರುತ್ತಿದ್ದರು. ದೇಹ ಅತ್ಯಂತ ಮಂಕಾಗಿರುವ ನಸುಕಿನ ಹೊತ್ತು. ದೀರ್ಘ ನಿದ್ದೆಯಿಂದ ಎದ್ದವರ ಮಿದುಳು ಚುರುಕಾಗಲು ಸಮಯ ಬೇಕು, ಆ ಸಮಯ ಸಿಗಲಿಲ್ಲ ಎಂಬುದು ವರದಿಯ ತರ್ಕ. ನನ್ನ ಮಟ್ಟಿಗೆ ಇದು ಇಡೀ ವರದಿಯ ಅತ್ಯುತ್ತಮ ಭಾಗ. ಮಾತಿಲ್ಲದ ನೂರು ನಿಮಿಷವನ್ನು ಅದು ಸಾಕ್ಷ್ಯ ಎಂದು ಓದುತ್ತದೆ. ಮೌನ ಒಬ್ಬನದಲ್ಲ, ಪಕ್ಕದಲ್ಲಿ ಒಬ್ಬನೇ ಎಚ್ಚರವಿದ್ದವನದೂ ಹೌದು.

ಆಮೇಲೆ ಇಳಿಯುವ ಹೊತ್ತು. ವಿಮಾನ ಇರಬೇಕಾದ ಎತ್ತರದ ಹೆಚ್ಚುಕಡಿಮೆ ಎರಡರಷ್ಟು ಮೇಲಿದೆ. ಸಹ ಪೈಲಟ್ ಎತ್ತರ ಹೆಚ್ಚಾಯಿತು ಎನ್ನುತ್ತಾರೆ. ಕ್ಯಾಪ್ಟನ್ ಉದ್ಗಾರ ತೆಗೆದು ವಿಮಾನವನ್ನು ಕಡಿದಾಗಿ ಕೆಳಗಿಳಿಸತೊಡಗುತ್ತಾರೆ, ನಿಮಿಷಕ್ಕೆ ಹತ್ತಿರ ಹತ್ತಿರ 4000 ಅಡಿಯಂತೆ. ನೆಲ ಹತ್ತಿರವಾಗುತ್ತಿದೆ ಎಂದು ಯಂತ್ರ ಕೂಗುತ್ತಲೇ ಇದೆ. ಸಹ ಪೈಲಟ್‌ರ ಮೊದಲ ‘ಗೋ ಅರೌಂಡ್’ ಬರುವುದು ಇಲ್ಲಿ. ವರದಿ ಅದನ್ನು ಪ್ರಶ್ನೆ ಎಂದೇ ಗುರುತಿಸುತ್ತದೆ. ಗೋ ಅರೌಂಡ್ ಮಾಡೋಣವೇ ಎಂಬ ಅರ್ಥದ ಪ್ರಶ್ನೆ. ಕ್ಯಾಪ್ಟನ್ ಅದಕ್ಕೆ ಉತ್ತರಿಸುವುದಿಲ್ಲ, ಉಪಕರಣದ ಬಗ್ಗೆ ಏನೋ ತುಂಡು ತುಂಡಾಗಿ ಹೇಳುತ್ತಾರೆ. ಎರಡನೆಯ ಸಲ ಅದೇ ಮಾತು, ಜೊತೆಗೆ ಹಾದಿ ಸ್ಥಿರವಿಲ್ಲ ಎಂಬ ತಾಂತ್ರಿಕ ಪದ. ಮೂರನೆಯ ಸಲ ‘ಕ್ಯಾಪ್ಟನ್’ ಎಂಬ ಸಂಬೋಧನೆ ಸೇರಿಸಿ, ನಮಗೆ ಇನ್ನು ರನ್‌ವೇ ಉಳಿದಿಲ್ಲ ಎಂಬ ಕಾರಣ ಸಮೇತ. ವಿಮಾನ ನೆಲ ಮುಟ್ಟಿದ್ದು 8038 ಅಡಿ ಉದ್ದದ ರನ್‌ವೇಯ ಸುಮಾರು 5200ನೇ ಅಡಿಯಲ್ಲಿ.

ಪ್ರಶ್ನೆ, ಪರಿಭಾಷೆ, ಸಂಬೋಧನೆಯೊಡನೆ ಕಾರಣ. ಮೂರು ಸಲವೂ ಹೇಳಿದ್ದು ಒಂದೇ ವಿಷಯ. ಆದರೆ ಮೂರೂ ವಾಕ್ಯಗಳು ನಿರ್ಧಾರವನ್ನು ಇನ್ನೊಬ್ಬರ ಕೈಯಲ್ಲೇ ಬಿಡುತ್ತವೆ. ಅನುಮತಿ ಬೇಡುವ, ನಿಯಮ ನೆನಪಿಸುವ, ಮನವಿ ಮಾಡುವ ವಾಕ್ಯಗಳವು. ‘ನಾನು ಹಿಡಿದೆ’ ಎಂದು ಹೇಳುವ ನಾಲ್ಕನೆಯ ವಾಕ್ಯ ಬರಲೇ ಇಲ್ಲ.

ಇದು ಧೈರ್ಯದ ಕೊರತೆ ಎಂದು ಓದುವವರು ತಾವು ದಿನಾ ಆಡುವ ಮಾತನ್ನು ಒಂದು ಸಲ ಗಮನಿಸಬೇಕು. ವಿಶ್ವವಿದ್ಯಾಲಯದ ಯಾವ ವಿಭಾಗಕ್ಕೆ ಬೇಕಾದರೂ ಬನ್ನಿ. ಗೈಡ್ ಹೇಳಿದ ಇಸವಿ ತಪ್ಪು ಎಂದು ಗೊತ್ತಿರುವ ಸಂಶೋಧನಾ ವಿದ್ಯಾರ್ಥಿ ‘ಸರ್, ಅದು ತಪ್ಪು’ ಅನ್ನುವುದಿಲ್ಲ. ‘ಸರ್, ಅದನ್ನ ಇನ್ನೊಂದ್ಸಲ ನೋಡಬೋದಾ ಅಂತ...’ ಎಂದು ವಾಕ್ಯವನ್ನು ಅರ್ಧಕ್ಕೆ ಬಿಡುತ್ತಾನೆ. ಈ ‘ಅಂತ’ ಇದೆಯಲ್ಲ, ಕನ್ನಡದ ವಿನಯವೆಲ್ಲ ಅದರಲ್ಲಿ ಕೂತಿದೆ. ಮಾತು ನನ್ನದಲ್ಲ, ಎಲ್ಲಿಂದಲೋ ಬಂದದ್ದನ್ನು ತಲುಪಿಸುತ್ತಿದ್ದೇನೆ ಎಂಬಂತೆ. ಸೆಮಿನಾರ್ ಹಾಲಿನಲ್ಲಿ ಇದರಿಂದ ಯಾರೂ ಸಾಯುವುದಿಲ್ಲ. ಒಂದು ತಪ್ಪು ಇಸವಿ ಪುಸ್ತಕದಲ್ಲಿ ಉಳಿಯುತ್ತದೆ, ಮೂವತ್ತು ವರ್ಷ ಎಲ್ಲರೂ ಅದನ್ನೇ ಉಲ್ಲೇಖಿಸುತ್ತಾರೆ.

ಇದನ್ನು ಏಷ್ಯಾದವರ ಸಂಸ್ಕೃತಿಯ ತಲೆಗೆ ಕಟ್ಟುವ ಒಂದು ಜನಪ್ರಿಯ ವಾದವಿದೆ. ಮಾಲ್ಕಮ್ ಗ್ಲಾಡ್‌ವೆಲ್ ತಮ್ಮ ‘ಔಟ್‌ಲೈಯರ್ಸ್’ನಲ್ಲಿ ಕೊರಿಯಾದ ಪೈಲಟ್‌ಗಳನ್ನು ಹೀಗೆ ಓದಿದ ಮೇಲೆ ಅದು ಮ್ಯಾನೇಜ್‌ಮೆಂಟ್ ತರಗತಿಗಳವರೆಗೂ ಹೋಯಿತು. ನನಗೆ ಈ ವಾದ ಒಪ್ಪಿಗೆಯಿಲ್ಲ. 1978ರ ಡಿಸೆಂಬರ್ 28ರಂದು ಅಮೆರಿಕದ ಪೋರ್ಟ್‌ಲ್ಯಾಂಡ್ ಬಳಿ ಯುನೈಟೆಡ್ ಏರ್‌ಲೈನ್ಸ್ ವಿಮಾನ ಇಂಧನ ಮುಗಿದು ಬಿತ್ತು. ಚಕ್ರದ ಸಮಸ್ಯೆಯಲ್ಲಿ ಮುಳುಗಿದ್ದ ಕ್ಯಾಪ್ಟನ್‌ಗೆ ಇಂಧನದ ಮಾತನ್ನು ಜೊತೆಯವರು ಸೂಚನೆಯ ದನಿಯಲ್ಲಿ ಹೇಳುತ್ತಲೇ ಇದ್ದರು. ಅದು ಅಮೆರಿಕದ ಸಂಸ್ಥೆ, ಇಂಗ್ಲಿಷ್ ಮಾತಾಡುವ ಸಿಬ್ಬಂದಿ. ಕಾಕ್‌ಪಿಟ್‌ನಲ್ಲಿ ಕಿರಿಯರು ಗಟ್ಟಿಯಾಗಿ ಹೇಳುವುದನ್ನೂ ಹಿರಿಯರು ಕೇಳುವುದನ್ನೂ ಕಲಿಸುವ ತರಬೇತಿ ಶುರುವಾಗಲು ಆ ಅಪಘಾತವೇ ಮುಖ್ಯ ಕಾರಣ. ಮೇಲು ಕೀಳಿನ ಮೆಟ್ಟಿಲಿದ್ದ ಕಡೆ ಯಾವ ಭಾಷೆಯಾದರೂ ತಗ್ಗಿ ನಡೆಯುತ್ತದೆ. ಕನ್ನಡದಲ್ಲಿ ಅದು ಕ್ರಿಯಾಪದದ ಕೊನೆಯಲ್ಲಿ ಕಣ್ಣಿಗೆ ಬೀಳುತ್ತದೆ, ಇಂಗ್ಲಿಷಿನಲ್ಲಿ ಪ್ರಶ್ನೆಯ ವೇಷ ಹಾಕಿಕೊಳ್ಳುತ್ತದೆ.

ಇದಕ್ಕಿಂತ ಒಂದು ವರ್ಷ ಹಿಂದಿನ ಟೆನರೀಫ್ ಅಪಘಾತವನ್ನು ಭಾಷೆಯ ವಿದ್ಯಾರ್ಥಿಗಳು ಓದಲೇಬೇಕು. 1977ರ ಮಾರ್ಚ್ 27. ಮಂಜು ಮುಸುಕಿದ ರನ್‌ವೇ ಮೇಲೆ ಎರಡು ಬೋಯಿಂಗ್ 747ಗಳು ಡಿಕ್ಕಿಯಾಗಿ 583 ಮಂದಿ ಸತ್ತರು. ಕೆಎಲ್‌ಎಂ ವಿಮಾನದ ಸಹ ಪೈಲಟ್ ಕಂಟ್ರೋಲ್ ಟವರಿಗೆ ಹೇಳಿದ ಇಂಗ್ಲಿಷ್ ವಾಕ್ಯದ ಅರ್ಥ, ನಾವೀಗ ಟೇಕಾಫ್ ಜಾಗದಲ್ಲಿದ್ದೇವೆ ಎಂದೇ, ಟೇಕಾಫ್ ಮಾಡುತ್ತಿದ್ದೇವೆ ಎಂದೇ? ಟವರಿನವರು ಮೊದಲನೆಯದು ಎಂದುಕೊಂಡರು. ವಿಮಾನ ಓಡತೊಡಗಿತ್ತು. ಡಚ್ ಭಾಷೆಯ ವ್ಯಾಕರಣ ಇಂಗ್ಲಿಷಿನೊಳಗೆ ನುಸುಳಿತು ಎಂಬ ವಿವರಣೆಯನ್ನು ಭಾಷಾವಿಜ್ಞಾನಿಗಳು ಚರ್ಚಿಸಿದ್ದಾರೆ. ಕನ್ನಡದವರಿಗೆ ಇದು ಬಿಡಿಸಿ ಹೇಳದೆಯೇ ಅರ್ಥವಾಗಬೇಕು. ‘ಅಡುಗೆಯಲ್ಲಿದ್ದಾಳೆ’, ‘ಊಟದಲ್ಲಿದ್ದಾರೆ’ ಅನ್ನುವಾಗ ನಮ್ಮ ಸಪ್ತಮಿ ವಿಭಕ್ತಿ ಜಾಗವನ್ನಲ್ಲ, ಮಾಡುತ್ತಿರುವ ಕೆಲಸವನ್ನು ಹೇಳುತ್ತದೆ. ‘ನಾವು ಟೇಕಾಫ್‌ನಲ್ಲಿದ್ದೇವೆ’ ಅಂದರೆ ಕನ್ನಡದಲ್ಲೂ ಎರಡೂ ಅರ್ಥ ಬರುತ್ತದೆ.

ಓಡುತ್ತಿದ್ದ ಆ ವಿಮಾನದೊಳಗೆ ಫ್ಲೈಟ್ ಎಂಜಿನಿಯರ್ ಒಂದು ಪ್ರಶ್ನೆ ಕೇಳಿದರು: ಆ ಪ್ಯಾನ್ ಆ್ಯಮ್ ವಿಮಾನ ರನ್‌ವೇ ಬಿಟ್ಟಿಲ್ಲವೇ? ಮತ್ತೆ ಪ್ರಶ್ನೆಯೇ. ಕ್ಯಾಪ್ಟನ್ ಒತ್ತಿ ಹೌದು ಎಂದರು. ಸಂಸ್ಥೆಯ ಜಾಹೀರಾತಿನಲ್ಲಿ ಮುಖವಿದ್ದ, ಬೇರೆ ಪೈಲಟ್‌ಗಳಿಗೆ ತರಬೇತಿ ಕೊಡುತ್ತಿದ್ದ ಕ್ಯಾಪ್ಟನ್ ಅವರು.

ಟೆನರೀಫ್‌ನ ನಂತರ ನಡೆದದ್ದು ಸಾಹಿತ್ಯದ ವಿದ್ಯಾರ್ಥಿಗೆ ಅಸೂಯೆ ಹುಟ್ಟಿಸುವಂಥ ಘಟನೆ. ‘ಟೇಕಾಫ್’ ಎಂಬ ಪದವನ್ನು ಕಾಯ್ದಿರಿಸಿದರು. ನಿಜವಾಗಿ ಅನುಮತಿ ಕೊಡುವಾಗ ಅಥವಾ ಕೊಟ್ಟ ಅನುಮತಿಯನ್ನು ರದ್ದು ಮಾಡುವಾಗ ಮಾತ್ರ ಅದನ್ನು ಬಳಸಬೇಕು. ಮಿಕ್ಕಂತೆ ‘ಡಿಪಾರ್ಚರ್’ ಎನ್ನಬೇಕು. ಒಂದು ಪದದ ಬಳಕೆಯನ್ನು ಜಗತ್ತಿನ ಪೈಲಟ್‌ಗಳೆಲ್ಲ ಬದಲಿಸಿಕೊಂಡರು. ವಿಮರ್ಶೆ ಬರೆಯುವ ನಾವು ಒಂದು ಪದವನ್ನಾದರೂ ಹೀಗೆ ಅಳತೆಯಿಟ್ಟು ಬಳಸುವಂತೆ ಯಾರನ್ನೂ ಒಪ್ಪಿಸಿದ ಉದಾಹರಣೆಯಿಲ್ಲ.

‘ಗೋ ಅರೌಂಡ್’ಗೆ ಅಂಥ ಕಾವಲು ಸಿಕ್ಕಿಲ್ಲವೇ? ಕಾಗದದ ಮೇಲೆ ಸಿಕ್ಕಿದೆ. ಮಂಗಳೂರಿನ ವರದಿ ತನ್ನ ಪೂರಕ ಕಾರಣಗಳಲ್ಲಿ ಒಂದು ಸೂಕ್ಷ್ಮ ಅಂಶ ಸೇರಿಸಿತ್ತು: ಸಹ ಪೈಲಟ್ ತಾನಾಗಿ ಗೋ ಅರೌಂಡ್ ಮಾಡಬಹುದೇ ಎಂಬ ಬಗ್ಗೆ ಸೂಚನೆಗಳಲ್ಲೇ ಅಸ್ಪಷ್ಟತೆ ಇತ್ತು, ಆತ ಬಾಯಲ್ಲಿ ಹೇಳಿ ಕೈ ಹಾಕದಿರಲು ಬಹುಶಃ ಅದು ಕಾರಣ. ಇದು ತುಂಬ ಮುಖ್ಯವಾದ ಮಾತು. ಆ ಯುವಕನ ಮೌನದ ಹೊಣೆಯನ್ನು ವರದಿ ಇಲ್ಲಿ ಆತನಿಂದ ತೆಗೆದು ನಿಯಮ ಬರೆದವರ ಮೇಜಿನ ಮೇಲೆ ಇಡುತ್ತದೆ. ಆದರೆ ಇಟ್ಟಿದ್ದು ‘ಪೂರಕ’ ಎಂಬ ಕಪಾಟಿನಲ್ಲಿ. ನೇರ ಕಾರಣ ಎಂಬ ಒಂದು ವಾಕ್ಯದಲ್ಲಿ ಕ್ಯಾಪ್ಟನ್ ಒಬ್ಬರೇ ಕರ್ತೃ. ಅವರು ಇಳಿಯುವುದನ್ನು ಕೈಬಿಡಲಿಲ್ಲ, ಹಟ ಹಿಡಿದು ಮುಂದುವರಿದರು. ಮರುದಿನದ ಪತ್ರಿಕೆಗಳಿಗೆ ಬೇಕಿದ್ದದ್ದು ಆ ಒಂದು ವಾಕ್ಯ.

ಹಟ ಎಂದೆ. ಕನ್ನಡದಲ್ಲಿ ಅದಕ್ಕೆ ಇನ್ನೂ ಘನವಾದ ಪದವಿದೆ: ಛಲ. ಪಂಪನ ದುರ್ಯೋಧನನನ್ನು ನಾವು ಮೆಚ್ಚುವುದು ಛಲಕ್ಕಾಗಿ. ರನ್ನನ ಗದಾಯುದ್ಧದಲ್ಲಿ ಸಂಜಯ ಹೇಳುತ್ತಾನೆ, ತಂದೆತಾಯಿ ಹೇಳುತ್ತಾರೆ, ಭೀಷ್ಮ ಹೇಳುತ್ತಾನೆ. ದುರ್ಯೋಧನ ಸಂಧಿಗೆ ಒಪ್ಪುವುದಿಲ್ಲ. ಹಿತವಚನ ಎಷ್ಟು ಸಲ ತಿರಸ್ಕೃತವಾದರೆ ನಾಯಕ ಅಷ್ಟು ಎತ್ತರಕ್ಕೇರುತ್ತಾನೆ. ತರಗತಿಯಲ್ಲಿ ಇದನ್ನು ಪಾಠ ಕೇಳುವಾಗ ನಮಗೆಲ್ಲ ರೋಮಾಂಚನವಾಗಿದೆ. ವಿಮಾನಯಾನದವರು ಇದನ್ನೇ ಯೋಜನೆಗೆ ಅಂಟಿಕೊಳ್ಳುವ ದೋಷ ಎನ್ನುತ್ತಾರೆ. ಗುರಿ ಹತ್ತಿರವಾದಷ್ಟೂ ಹಿಂದಿರುಗುವ ಯೋಚನೆ ಮನಸ್ಸಿಗೆ ಬರುವುದೇ ಕಷ್ಟ, ಎದುರಿಗೆ ಬಂದ ಎಚ್ಚರಿಕೆಗಳೂ ಕಿವಿಗೆ ಬೀಳುವುದಿಲ್ಲ ಎಂಬುದು ಅದರ ವಿವರಣೆ. ನಮ್ಮ ಕಾವ್ಯಗಳನ್ನು ದೂರುವುದು ನನ್ನ ಉದ್ದೇಶವಲ್ಲ. ಆದರೆ ವರದಿಯ ಆ ಒಂದು ವಾಕ್ಯ ನಮಗೆ ಅಷ್ಟು ಬೇಗ ಹಿಡಿಸುವುದು ಯಾಕೆ ಎಂದರೆ, ಆ ಕಥೆ ನಮಗೆ ಮೊದಲೇ ಗೊತ್ತು. ಎಚ್ಚರಿಸುವವನು ಇದ್ದಾನೆ, ಕೇಳದವನು ಇದ್ದಾನೆ, ಕೊನೆಗೆ ಪತನ. ಇಂಥ ಕಥೆಯಲ್ಲಿ ರಾಡಾರ್‌ಗೆ ಪಾತ್ರವಿಲ್ಲ.

ರಾಡಾರ್‌ಗೆ ಪಾತ್ರವಿತ್ತು. ಮಂಗಳೂರಿನ ರಾಡಾರ್ ಎರಡು ದಿನದಿಂದ ಕೆಟ್ಟು ಕೂತಿತ್ತು. ಅದರಿಂದಾಗಿ ವಿಮಾನಕ್ಕೆ ಇಳಿಯತೊಡಗಲು ಎಂದಿಗಿಂತ ನಿಲ್ದಾಣಕ್ಕೆ ಹತ್ತಿರದಲ್ಲಿ ಅನುಮತಿ ಸಿಕ್ಕಿತು ಎಂದು ವರದಿಯೇ ಹೇಳುತ್ತದೆ. ಅದನ್ನು ಲೆಕ್ಕ ಹಾಕಿ ಇಳಿಯಬೇಕಿತ್ತು ಎಂದು ಕೂಡಲೇ ಪೈಲಟ್‌ಗಳ ಕಡೆ ತಿರುಗುತ್ತದೆ. ರನ್‌ವೇ ದಾಟಿದ ವಿಮಾನದ ಬಲ ರೆಕ್ಕೆ ಬಡಿದದ್ದು ದಿಕ್ಕು ತೋರುವ ಆ್ಯಂಟೆನಾ ಹೊತ್ತ ಕಾಂಕ್ರೀಟ್ ಕಟ್ಟೆಗೆ. ಅದರಾಚೆ ಬೇಲಿ, ಅದರಾಚೆ ಕಂದರ.

ನನ್ನ ಮುಖ್ಯ ತಕರಾರು ಇಲ್ಲಿದೆ. ಧ್ವನಿಮುದ್ರಕ ಇರುವುದು ಕಾಕ್‌ಪಿಟ್‌ನಲ್ಲಿ ಮಾತ್ರ. ರಾತ್ರಿಪಾಳಿಯ ಪಟ್ಟಿ ತಯಾರಿಸುವ ಕೋಣೆಯಲ್ಲಿ ಇಲ್ಲ. ರಾಡಾರ್ ದುರಸ್ತಿಯ ಕಡತ ಸರಿದಾಡುವ ಕಚೇರಿಯಲ್ಲಿ ಇಲ್ಲ. ರನ್‌ವೇ ತುದಿಯಲ್ಲಿ ಕಾಂಕ್ರೀಟ್ ಹಾಕಲು ಸಹಿ ಮಾಡಿದ ದಿನದ ಸಭೆಯಲ್ಲಿ ಇಲ್ಲ. ಹಾಗಾಗಿ ವರದಿ ಎಷ್ಟೇ ನಿಷ್ಪಕ್ಷಪಾತಿಯಾಗಿದ್ದರೂ ಅದರಲ್ಲಿ ಮಾತಾಡುವ ಪಾತ್ರಗಳು ಇಬ್ಬರೇ. ಮಿಕ್ಕವರೆಲ್ಲ ಕರ್ಮಣಿ ಪ್ರಯೋಗದಲ್ಲಿ ಬರುತ್ತಾರೆ: ನಿಗದಿಪಡಿಸಲಾಗಿತ್ತು, ನಿರ್ಮಿಸಲಾಗಿತ್ತು, ತಿಳಿಸಲಾಗಿತ್ತು. ಸಂಭಾಷಣೆ ಇದ್ದ ಕಡೆಗೆ ಓದುಗನ ಕಣ್ಣು ಹೋಗುತ್ತದೆ; ಕಾದಂಬರಿಯಲ್ಲಿ ಉದ್ದನೆಯ ವರ್ಣನೆ ಹಾರಿಸಿ ಮಾತು ಓದುವ ಅಭ್ಯಾಸ ಎಲ್ಲರಿಗೂ ಇದೆ. ದನಿ ಸಿಕ್ಕವರೇ ಅಪರಾಧಿಗಳಾಗುತ್ತಾರೆ, ಅದೂ ಉತ್ತರ ಕೊಡಲು ಅವರು ಬದುಕಿಲ್ಲದಾಗ.

ಈ ದೃಷ್ಟಿಯಿಂದ ಕೋಯಿಕ್ಕೋಡಿನ ವರದಿ ಮಂಗಳೂರಿನದಕ್ಕಿಂತ ಮುಂದೆ ಹೋಗಿದೆ. ಮಂಗಳೂರಿನ ನಂತರ, 2012ರಲ್ಲಿ, ವಿಮಾನ ಅಪಘಾತಗಳ ತನಿಖೆಗೆಂದೇ ಒಂದು ಬ್ಯೂರೊ ಹುಟ್ಟಿತು; 2021ರಲ್ಲಿ ಹೊರಬಂದ ಈ ವರದಿ ಅದರದ್ದು. ಇಲ್ಲಿಯೂ ಮೊದಲ ವಾಕ್ಯ ಪೈಲಟ್‌ಗಳದ್ದೇ. ಮೊದಲ ಪ್ರಯತ್ನದಲ್ಲಿ ಮಳೆಯ ನಡುವೆ ವೈಪರ್ ನಿಂತುಹೋಗಿ ವಿಮಾನ ಮೇಲೇರಿತು. ಎರಡನೆಯ ಸಲ ಎದುರು ದಿಕ್ಕಿನಿಂದ, ಬೆನ್ನ ಹಿಂದೆ ಗಾಳಿ ಇಟ್ಟುಕೊಂಡು ಬಂತು. 8858 ಅಡಿಯ ರನ್‌ವೇಯ ನಡುಮಧ್ಯದಲ್ಲಿ ನೆಲ ಮುಟ್ಟಿತು. ಸಹ ಪೈಲಟ್ ಮೊದಲು ಎಚ್ಚರಿಸುವ ದನಿಯಲ್ಲಿ ಏನೋ ಹೇಳಿ, ‘ಕ್ಯಾಪ್ಟನ್’ ಎಂದು ಕರೆದು, ಆಮೇಲೆ ‘ಗೋ ಅರೌಂಡ್’ ಎಂದರು. ಮತ್ತೆ ಅದೇ ಮೆಟ್ಟಿಲು. ಸಂಬೋಧನೆಗೆ ಹೋದ ಕ್ಷಣಗಳು ರನ್‌ವೇಯ ಲೆಕ್ಕದಲ್ಲಿ ನೂರಾರು ಅಡಿ. ಸಹ ಪೈಲಟ್ ನಿಯಂತ್ರಣ ತೆಗೆದುಕೊಳ್ಳದಿದ್ದುದನ್ನು ಈ ವರದಿ ಕಾರಣದ ವಾಕ್ಯದೊಳಗೇ ವೈಫಲ್ಯ ಎಂದು ಬರೆಯಿತು. ಹತ್ತು ವರ್ಷದ ಹಿಂದೆ ಕಿರಿಯನಿಗೆ ಸಿಕ್ಕಿದ್ದ ಅನುಮಾನದ ಲಾಭ ಈಗಿಲ್ಲ. ನಿಯಮ ಸ್ಪಷ್ಟವಾದಾಗ ಅದನ್ನು ಪಾಲಿಸಲಾರದವನ ತಪ್ಪೂ ಸ್ಪಷ್ಟವಾಗುತ್ತದೆ. ಅವನು ಯಾಕೆ ಪಾಲಿಸಲಾರ ಎಂಬುದಷ್ಟೇ ಹಾಗೆಯೇ ಉಳಿಯುತ್ತದೆ.

ಆದರೆ ಅದೇ ವರದಿ, ವ್ಯವಸ್ಥೆಯ ವೈಫಲ್ಯಗಳನ್ನು ಕಡೆಗಣಿಸಲಾಗದು, ಇಂಥ ಘಟನೆಗಳು ಮರುಕಳಿಸುತ್ತಿರುವುದೇ ಅದಕ್ಕೆ ಸಾಕ್ಷಿ ಎಂದು ನೇರವಾಗಿ ಬರೆದಿದೆ. ಇಳಿಸುತ್ತಿದ್ದ ಕ್ಯಾಪ್ಟನ್ನರೇ ಮರುದಿನ ಬೆಳಿಗ್ಗೆ ಅಲ್ಲಿಂದ ಮತ್ತೊಂದು ವಿಮಾನ ಹಾರಿಸಬೇಕಿತ್ತು, ಆ ಊರಿನಲ್ಲಿ ಕ್ಯಾಪ್ಟನ್‌ಗಳ ಕೊರತೆಯಿತ್ತು, ಹೇಗಾದರೂ ಅಲ್ಲೇ ಇಳಿಯಬೇಕೆಂಬ ಒತ್ತಡಕ್ಕೆ ಅದು ಕಾರಣವಾಗಿರಬಹುದು ಎಂದು ಸಿಬ್ಬಂದಿ ನೀತಿಯವರೆಗೆ ಹೋಗುತ್ತದೆ. ಛಲದ ಕಥೆ ಇಲ್ಲಿ ಮುರಿಯುತ್ತದೆ. ಹಟವೆಂದು ಕಾಣುವುದರ ಹಿಂದೆ ಪಾಳಿಯ ಪಟ್ಟಿ ಇದೆ. ಇಂಥ ಪುಟಗಳನ್ನು ಓದುವವರು ಕಡಿಮೆ. ಅಂದಿನ ಸುದ್ದಿಶೀರ್ಷಿಕೆಗಳಲ್ಲಿ ಇದ್ದದ್ದು ಪೈಲಟ್.

ನಮ್ಮ ಸಿನಿಮಾಗಳಂತೂ ಇನ್ನೂ ಹಿಂದೆ. 2022ರ ಹಿಂದಿ ಚಿತ್ರ ‘ರನ್‌ವೇ 34’ ಕೆಟ್ಟ ಹವಾಮಾನದಲ್ಲಿ ಇಂಧನ ಮುಗಿಯುತ್ತಿರುವ ವಿಮಾನವನ್ನು ಇಳಿಸುವ ಕಥೆ. ಕ್ಯಾಪ್ಟನ್ ಪ್ರತಿಭಾವಂತ, ಸಿಗರೇಟು ಸೇದುವ ಒಂಟಿಗ. ಸಹ ಪೈಲಟ್ ಹೆದರುಪುಕ್ಕಲಿ. ತನಿಖೆ ನಡೆಸುವವನು ಖಳನ ಕುರ್ಚಿಯಲ್ಲಿ. ಪ್ರೇಕ್ಷಕರ ಚಪ್ಪಾಳೆ ಯಾರಿಗೆಂದು ಹೇಳಬೇಕಿಲ್ಲ. ಸಮಯಕ್ಕೆ ಸರಿಯಾಗಿ ಗೋ ಅರೌಂಡ್ ಮಾಡಿ, ಹದಿನೈದು ನಿಮಿಷ ತಡವಾಗಿ, ಪ್ರಯಾಣಿಕರಿಂದ ಬೈಸಿಕೊಂಡು ಇಳಿದ ಪೈಲಟ್ ಮೇಲೆ ಸಿನಿಮಾ ಮಾಡಲು ಆಗುವುದಿಲ್ಲ ಎಂಬುದು ನಿಜ. ಏನೂ ಆಗಲಿಲ್ಲ ಎಂಬುದಕ್ಕೆ ಕಥೆಯಿಲ್ಲ.

ಪ್ರಯಾಣಿಕರ ಬಗ್ಗೆ ವರದಿಗಳು ಹೇಳುವುದು ಸಂಖ್ಯೆಯಲ್ಲಿ: ಸತ್ತವರು, ಗಾಯಗೊಂಡವರು, ಒಟ್ಟು ಎಂಬ ಸಣ್ಣ ಕೋಷ್ಟಕ. ಮಂಗಳೂರಿನ ಆ ಕೋಷ್ಟಕದ ಹಿಂದೆ ಕರಾವಳಿಯ, ಕಾಸರಗೋಡಿನ ನೂರಾರು ಮನೆಗಳಿವೆ. ಗುರುತು ಸಿಗದೆ ಉಳಿದ 12 ದೇಹಗಳನ್ನು ಕೂಳೂರು ಬಳಿ ಫಲ್ಗುಣಿ ನದಿಯ ದಡದಲ್ಲಿ ಒಟ್ಟಿಗೆ ಮಣ್ಣು ಮಾಡಿದ್ದಾರೆ. ಕೋಷ್ಟಕದಲ್ಲಿ ಭಾವುಕತೆ ಇಲ್ಲ ಎಂದು ನಾನು ದೂರುವುದಿಲ್ಲ. ಆ ಪ್ರಕಾರದ ಮರ್ಯಾದೆಯೇ ಅದು. ಅಳುವುದು ಬೇರೆಯವರ ಕೆಲಸ.

ಕೊನೆಯದಾಗಿ ಒಂದು ವಾಕ್ಯದ ಬಗ್ಗೆ. 2025ರ ಜೂನ್ 12ರಂದು ಅಹಮದಾಬಾದಿನಲ್ಲಿ ಏರ್ ಇಂಡಿಯಾ 171 ಬಿದ್ದು ನೆಲದ ಮೇಲಿದ್ದವರೂ ಸೇರಿ 260 ಮಂದಿ ಸತ್ತರು. ತಿಂಗಳ ನಂತರ ಬಂದ ಪ್ರಾಥಮಿಕ ವರದಿಯಲ್ಲಿ, ಎರಡೂ ಎಂಜಿನ್‌ಗಳ ಇಂಧನ ಸ್ವಿಚ್‌ಗಳು ಒಂದು ಸೆಕೆಂಡಿನ ಅಂತರದಲ್ಲಿ ಕಟ್‌ಆಫ್ ಸ್ಥಿತಿಗೆ ಹೋದವು ಎಂದು ಹೇಳಿದ ಮೇಲೆ, ಧ್ವನಿಮುದ್ರಣದ ಸಾರಾಂಶವಿದೆ: ಒಬ್ಬ ಪೈಲಟ್ ಇನ್ನೊಬ್ಬರನ್ನು ಯಾಕೆ ಕಟ್‌ಆಫ್ ಮಾಡಿದ್ದು ಎಂದು ಕೇಳುತ್ತಾರೆ, ಇನ್ನೊಬ್ಬರು ತಾನು ಮಾಡಿಲ್ಲ ಎನ್ನುತ್ತಾರೆ. ಯಾರು ಕೇಳಿದರು, ಯಾರು ಉತ್ತರಿಸಿದರು ಎಂದಿಲ್ಲ. ಮಾತುಗಳನ್ನೂ ಹಾಗೆಯೇ ಕೊಟ್ಟಿಲ್ಲ, ಪರೋಕ್ಷ ಕಥನದಲ್ಲಿ ಕೊಟ್ಟಿದ್ದಾರೆ. ಜಗತ್ತಿನ ಟೀವಿಗಳು ಆ ಎರಡು ವಾಕ್ಯವನ್ನು ಹಿಡಿದು ತಿಂಗಳುಗಟ್ಟಲೆ ಜಗ್ಗಾಡಿದವು. ಅರ್ಧ ಮಾತು ಕೊಟ್ಟು ದನಿ ಮುಚ್ಚಿಟ್ಟರೆ ಊಹೆ ಹುಟ್ಟುತ್ತದೆಂದು ಕಥೆಗಾರರಿಗೆ ಗೊತ್ತು, ವರದಿ ಬರೆದವರಿಗೂ ಗೊತ್ತಿರಬೇಕಿತ್ತು.

ಆ ಸಾರಾಂಶವನ್ನು ಕನ್ನಡದ ನೇರ ಮಾತಾಗಿಸಲು ಪ್ರಯತ್ನಿಸಿದೆ. ಇಂಗ್ಲಿಷಿನಲ್ಲಿ ಕೇಳುವವನು ಹಿರಿಯನೋ ಕಿರಿಯನೋ ಎಂದು ಹೇಳದೆಯೇ ಪಾರಾಗಬಹುದು. ಕನ್ನಡದಲ್ಲಿ ‘ಯಾಕೆ ಕಟ್ ಮಾಡಿದೆ’ ಎಂದು ಬರೆದರೆ ಕೇಳಿದ್ದು ಕ್ಯಾಪ್ಟನ್ ಎಂದಾಗುತ್ತದೆ. ‘ಯಾಕೆ ಕಟ್ ಮಾಡಿದಿರಿ’ ಎಂದರೆ ಸಹ ಪೈಲಟ್. ಒಂದು ಪ್ರತ್ಯಯದಲ್ಲಿ ನಾನು ಸತ್ತ ಇಬ್ಬರಲ್ಲಿ ಒಬ್ಬರ ಮೇಲೆ ಆರೋಪ ಹೊರಿಸಿರುತ್ತೇನೆ. ಆಡುಮಾತಿನ ‘ಮಾಡಿದ್ದು’ ಎಂಬ ಕೃದಂತ ರೂಪ ಸಹಾಯಕ್ಕೆ ಬಂತು: ‘ಕಟ್ ಮಾಡಿದ್ದು ಯಾಕೆ?’ ಅದರಲ್ಲಿ ನೀನೂ ಇಲ್ಲ, ನೀವೂ ಇಲ್ಲ. ಮೇಲಿನ ಪ್ಯಾರಾದಲ್ಲಿ ನಾನು ಬಳಸಿರುವುದು ಅದನ್ನೇ.